ವಿಡಿಯೊ: ತೆರೆಯುವ ಮುನ್ನ, ನಂಬುವ ಮುನ್ನ

ಯಾರೋ ಕಳಿಸಿದ ವಿಡಿಯೊ ಕೈಗೆ ಬಂದಾಗ ಕೇಳಿಕೊಳ್ಳಬೇಕಾದ ಪ್ರಶ್ನೆಗಳು ಎರಡು. ಈ ಫೈಲನ್ನು ತೆರೆದರೆ ಫೋನಿಗೋ ಕಂಪ್ಯೂಟರಿಗೋ ತೊಂದರೆಯಾದೀತೇ? ಇದರಲ್ಲಿ ಕಾಣುತ್ತಿರುವುದು ನಿಜಕ್ಕೂ ನಡೆದದ್ದೇ? ಬಹಳಷ್ಟು ಜನ ಇವೆರಡನ್ನೂ ಕಲಸಿಬಿಡುತ್ತಾರೆ. ಆ್ಯಂಟಿವೈರಸ್ ಸುಮ್ಮನಿದ್ದರೆ ವಿಡಿಯೊ ಸರಿಯಾಗಿದೆ ಎಂದುಕೊಳ್ಳುತ್ತಾರೆ. ದೊಡ್ಡ ತಾಣದಲ್ಲಿ ಸಿಕ್ಕಿತೆಂದರೆ ಅದು ನಂಬಲು ಯೋಗ್ಯ ಎಂದುಕೊಳ್ಳುತ್ತಾರೆ. ಒಂದರ ಪರೀಕ್ಷೆ ಇನ್ನೊಂದಕ್ಕೆ ಉತ್ತರ ಕೊಡುವುದಿಲ್ಲ. ಅದಕ್ಕಿಂತ ತೊಡಕಿನ ಸಂಗತಿ ಇನ್ನೊಂದಿದೆ: ಮೊದಲ ಅಪಾಯಕ್ಕೆ ಇರುವ ಒಳ್ಳೆಯ ಮದ್ದು ಎರಡನೆಯ ಪ್ರಶ್ನೆಗೆ ಬೇಕಾದ ಪುರಾವೆಯನ್ನೇ ಅಳಿಸಿಹಾಕುತ್ತದೆ. ಆ ಮದ್ದು ಮರುಎನ್‌ಕೋಡಿಂಗ್, ಅಂದರೆ ಬಂದ ಚಿತ್ರಗಳನ್ನೆಲ್ಲ ಬಿಚ್ಚಿ, ಹೊಸದಾಗಿ ಮತ್ತೊಂದು ಫೈಲು ಕಟ್ಟುವ ಕೆಲಸ. ವಿಡಿಯೊ ತಾಣಗಳ ಸುರಕ್ಷತೆಯ ಬಗ್ಗೆ ಏನೇ ಮಾತಾಡಿದರೂ ಈ ಒಂದು ಇಕ್ಕಟ್ಟಿಗೆ ಬಂದು ನಿಲ್ಲಬೇಕಾಗುತ್ತದೆ.

ಫೈಲಿನ ಒಳಗೆ ಏನಿದೆ

ಎಂಪಿ4 ಎಂಬುದು ಚಿತ್ರವಲ್ಲ, ಧಾರಕ. ಅದರೊಳಗೆ 'ಬಾಕ್ಸ್'ಗಳು ಒಂದರ ಹಿಂದೊಂದು ಕೂತಿರುತ್ತವೆ. ಪ್ರತಿ ಬಾಕ್ಸಿನ ತಲೆಯಲ್ಲಿ ನಾಲ್ಕು ಬೈಟಿನ ಅಳತೆ, ನಾಲ್ಕು ಅಕ್ಷರದ ಹೆಸರು. 'ಎಫ್‌ಟಿವೈಪಿ' ಫೈಲಿನ ಬಗೆ ಹೇಳುತ್ತದೆ, 'ಎಂಒಒವಿ' ಯಾವ ಚಿತ್ರ ಎಲ್ಲಿದೆ ಎಂಬ ಪಟ್ಟಿ ಇಟ್ಟುಕೊಂಡಿರುತ್ತದೆ, 'ಎಂಡಿಎಟಿ'ಯಲ್ಲಿ ಚಿತ್ರ ಮತ್ತು ದನಿಯ ದತ್ತಾಂಶ. ಅದನ್ನು ಬಿಚ್ಚುವುದು ಎಚ್.264, ಎಚ್‌ಇವಿಸಿ, ವಿಪಿ9 ಮುಂತಾದ ಕೋಡೆಕ್. ಇದನ್ನೆಲ್ಲ ಓದುವ ತಂತ್ರಾಂಶ ವೇಗ ಬೇಕೆಂದು ಬಹುಪಾಲು ಸಿ ಮತ್ತು ಸಿ++ ಭಾಷೆಗಳಲ್ಲಿ ಬರೆದದ್ದು. ಆ ಭಾಷೆಗಳಲ್ಲಿ ಮೆಮೊರಿಯ ಗಡಿ ಕಾಯುವ ಹೊಣೆ ಪೂರ್ತಿಯಾಗಿ ಬರೆದವರ ಮೇಲೆ.

ಅಳತೆ ಹೇಳುವುದು ಫೈಲು, ನಂಬುವುದು ಪ್ಲೇಯರ್. ಕೆಡುವುದು ಇಲ್ಲೇ. 32 ಬಿಟ್‌ನ ಸಂಖ್ಯೆಯಲ್ಲಿ ಹಿಡಿಸುವ ಗರಿಷ್ಠ ಮೌಲ್ಯ 4,294,967,295. ಇದಕ್ಕೆ ಒಂದು ಕೂಡಿಸಿದರೆ ಸಂಖ್ಯೆ ಸೊನ್ನೆಗೆ ಮರಳುತ್ತದೆ. ಫೈಲು ತಯಾರಿಸಿದವನು ಎರಡು ಅಳತೆಗಳನ್ನು ಕೂಡಿದಾಗ ಮೊತ್ತ ಈ ಗಡಿ ದಾಟುವಂತೆ ಹೊಂದಿಸಿದರೆ, ಪ್ಲೇಯರ್ ಕೆಲವೇ ಬೈಟುಗಳ ಜಾಗ ಕೇಳಿ ಪಡೆದು, ಅದರೊಳಗೆ ಸಾವಿರಾರು ಬೈಟು ಸುರಿಯುತ್ತದೆ. ಪಕ್ಕದ ಮೆಮೊರಿಯ ಮೇಲೆ ಬರೆದುಹೋದ ಆ ಬೈಟುಗಳನ್ನು ಲೆಕ್ಕಹಾಕಿ ಜೋಡಿಸಿದ್ದರೆ ಅವು ಸೂಚನೆಗಳಾಗಿ ಓಡತೊಡಗುತ್ತವೆ.

2015ರ ಜುಲೈನಲ್ಲಿ ಹೊರಬಂದ 'ಸ್ಟೇಜ್‌ಫ್ರೈಟ್' ಲೋಪಗಳ ಸರಣಿ ಇದೇ ಜಾತಿಯದು. ಆಂಡ್ರಾಯ್ಡ್ 2.2ರಿಂದ 5.1.1ರವರೆಗಿನ ಆವೃತ್ತಿಗಳ ಮೀಡಿಯಾ ಗ್ರಂಥಾಲಯದಲ್ಲಿ (ವಿಡಿಯೊ ಓದುವ ಸಿದ್ಧ ಕೋಡಿನ ಕಂತೆ), ಎಂಪಿ4 ಒಳಗಿನ ಅಕ್ಷರರೂಪದ ಸಬ್‌ಟೈಟಲ್ ಬಾಕ್ಸ್ ಓದುವ ಕಡೆಯೂ ಸೇರಿ ಹಲವು ಜಾಗಗಳಲ್ಲಿ ಈ ಕೂಡುವ ತಪ್ಪು ಇತ್ತು. ಮಲ್ಟಿಮೀಡಿಯಾ ಸಂದೇಶದಲ್ಲಿ ವಿಡಿಯೊ ಬಂದರೆ ಫೋನು ತಾನೇ ಇಳಿಸಿಕೊಂಡು ಪೂರ್ವನೋಟ ತಯಾರಿಸುತ್ತಿದ್ದುದರಿಂದ, ಒಡೆಯ ಅದನ್ನು ಮುಟ್ಟಬೇಕೆಂದೂ ಇರಲಿಲ್ಲ. ಆ ವರ್ಷದ ಆಗಸ್ಟ್‌ನಿಂದ ಗೂಗಲ್ ತಿಂಗಳಿಗೊಮ್ಮೆ ಭದ್ರತಾ ಅಪ್‌ಡೇಟ್ ಕೊಡುವ ಪದ್ಧತಿ ಆರಂಭಿಸಿತು. 2016ರ ಆಂಡ್ರಾಯ್ಡ್ 7ರಲ್ಲಿ ಒಂದೇ ದೊಡ್ಡ ಮೀಡಿಯಾ ಪ್ರಕ್ರಿಯೆಯನ್ನು ಒಡೆದು, ಪ್ರತಿ ತುಂಡಿಗೂ ಬೇಕಾದಷ್ಟೇ ಅಧಿಕಾರ ಕೊಡಲಾಯಿತು. 2019ರ ಆಂಡ್ರಾಯ್ಡ್ 10 ಬರುವಾಗ ತಂತ್ರಾಂಶ ರೂಪದ ಕೋಡೆಕ್‌ಗಳು ಇನ್ನೂ ಬಿಗಿಯಾದ ಸ್ಯಾಂಡ್‌ಬಾಕ್ಸ್, ಅಂದರೆ ಹೊರಗಿನದ್ದನ್ನು ಮುಟ್ಟಲಾಗದ ಬೇಲಿ, ಸೇರಿದವು. ಆದರೂ ಅದೇ 2019ರ ನವೆಂಬರಿನಲ್ಲಿ ವಾಟ್ಸ್‌ಆ್ಯಪ್ ತನ್ನಲ್ಲಿದ್ದ ಲೋಪವೊಂದನ್ನು ಪ್ರಕಟಿಸಬೇಕಾಯಿತು. ಎಂಪಿ4ನ ಮೆಟಾಡೇಟಾ (ಫೈಲಿನ ಬಗೆಗಿನ ವಿವರ) ಓದುವಾಗ ಸ್ಟ್ಯಾಕ್ ಮೆಮೊರಿ ಉಕ್ಕಿಹರಿಯುತ್ತಿದ್ದ ಆ ಲೋಪಕ್ಕೆ ಸಿವಿಇ ಎಂಬ ಲೋಪಗಳ ಸಾರ್ವಜನಿಕ ಪಟ್ಟಿಯಲ್ಲಿ ಸಿವಿಇ-2019-11931 ಎಂಬ ಸಂಖ್ಯೆಯಿದೆ.

ಹಾರ್ಡ್‌ವೇರ್ ಡಿಕೋಡರ್, ಅಂದರೆ ವಿಡಿಯೊ ಬಿಚ್ಚುವ ಚಿಪ್, ಇದ್ದರೆ ನಿಶ್ಚಿಂತೆ ಎಂಬ ಎಣಿಕೆಯೂ ನಿಲ್ಲುವುದಿಲ್ಲ. ವ್ಯಾಕರಣ ಸರಿಯಿದ್ದು ಅರ್ಥ ಮಾತ್ರ ಕೆಟ್ಟಿರುವ ಎಚ್.264 ವಿಡಿಯೊಗಳನ್ನು ಬೇಕೆಂದಂತೆ ತಯಾರಿಸುವ 'ಎಚ್26ಫೋರ್ಜ್' ಎಂಬ ಉಪಕರಣವನ್ನು ಸಂಶೋಧಕರು 2023ರಲ್ಲಿ ಮುಂದಿಟ್ಟರು. ಅದರಿಂದ ಐಫೋನಿನ ಐಒಎಸ್ ಕಾರ್ಯವ್ಯವಸ್ಥೆಯ ಕರ್ನಲ್ ಎಂಬ ತಿರುಳಿನಲ್ಲಿ, ಫೈರ್‌ಫಾಕ್ಸ್‌ನಲ್ಲಿ, ವಿಂಡೋಸ್‌ನ ವಿಎಲ್‌ಸಿಯಲ್ಲಿ, ಹಲವು ಆಂಡ್ರಾಯ್ಡ್ ಸಾಧನಗಳ ವಿಡಿಯೊ ಚಿಪ್‌ಗಳಲ್ಲಿ ಮೆಮೊರಿ ಲೋಪಗಳು ಸಿಕ್ಕವು. ಚಿಪ್‌ನ ಡ್ರೈವರ್ ಕರ್ನಲ್ ಒಳಗೇ ಕೂತಿರುವುದರಿಂದ, ಅಲ್ಲಿ ಬಿರುಕು ಬಿಟ್ಟರೆ ಆ್ಯಪ್‌ನ ಸುತ್ತ ಹಾಕಿದ ಬೇಲಿ ಕೆಲಸಕ್ಕೆ ಬರುವುದಿಲ್ಲ.

ಚಿತ್ರವೇ ಅಲ್ಲದ ಸಬ್‌ಟೈಟಲ್ ಫೈಲು ಕೂಡ ಬಾಗಿಲಾಗಬಲ್ಲದು. ವಿಎಲ್‌ಸಿ, ಕೋಡಿ, ಪಾಪ್‌ಕಾರ್ನ್ ಟೈಮ್, ಸ್ಟ್ರೀಮಿಯೊ ಈ ನಾಲ್ಕೂ ಪ್ಲೇಯರ್‌ಗಳನ್ನು ಬರಿಯ ಸಬ್‌ಟೈಟಲ್‌ನಿಂದ ವಶಪಡಿಸಿಕೊಳ್ಳಬಹುದೆಂದು ಚೆಕ್‌ ಪಾಯಿಂಟ್ ಸಂಸ್ಥೆ 2017ರ ಮೇ ತಿಂಗಳಲ್ಲಿ ತೋರಿಸಿತು. ಸಬ್‌ಟೈಟಲ್‌ಗೆ ಇಪ್ಪತ್ತೈದಕ್ಕೂ ಹೆಚ್ಚು ನಮೂನೆಗಳಿವೆ, ಒಂದೊಂದು ಪ್ಲೇಯರ್ ಒಂದೊಂದು ರೀತಿ ಓದುತ್ತದೆ. ಕೆಲವು ಪ್ಲೇಯರ್‌ಗಳು ಸಾರ್ವಜನಿಕ ಸಂಗ್ರಹಗಳಿಂದ ಹೆಚ್ಚು ಅಂಕ ಪಡೆದ ಸಬ್‌ಟೈಟಲನ್ನು ತಾವೇ ಎತ್ತಿಕೊಳ್ಳುತ್ತಿದ್ದವು. ಆ ಅಂಕವನ್ನು ಏರಿಸುವುದೂ ಕಷ್ಟವಿರಲಿಲ್ಲ.

ಇಷ್ಟೆಲ್ಲ ಹೇಳಿದ ಮೇಲೆ ತೂಕ ತಪ್ಪಬಾರದು. ಡಿಕೋಡರ್ ಲೋಪವನ್ನು ಹುಡುಕಿ ಆಯುಧ ಮಾಡಿಕೊಳ್ಳುವುದು ದುಬಾರಿ ಕೆಲಸ. ಅಂಥ ಆಯುಧವನ್ನು ಪತ್ರಕರ್ತರು, ಹೋರಾಟಗಾರರು, ಅಧಿಕಾರಿಗಳಂತಹ ಆಯ್ದ ಗುರಿಗಳ ಮೇಲೆಯೇ ಖರ್ಚು ಮಾಡುತ್ತಾರೆ. ಉಳಿದವರಿಗೆ ಮೂರು ಕೆಲಸ ಸಾಕು. ಫೋನಿನ 'ಭದ್ರತಾ ಪ್ಯಾಚ್ ಮಟ್ಟ' ಎಂಬಲ್ಲಿನ ದಿನಾಂಕ ಎರಡು ಮೂರು ತಿಂಗಳಿಗಿಂತ ಹಳೆಯದಾಗದಂತೆ ನೋಡಿಕೊಳ್ಳುವುದು, ಬ್ರೌಸರ್ ಮತ್ತು ಪ್ಲೇಯರ್ ಅಪ್‌ಡೇಟ್ ಮಾಡುವುದು, ಮೆಸೇಜಿಂಗ್ ಆ್ಯಪ್‌ಗಳಲ್ಲಿ ಮೀಡಿಯಾ ತಾನಾಗಿ ಡೌನ್‌ಲೋಡ್ ಆಗುವುದನ್ನು ನಿಲ್ಲಿಸುವುದು. ಮೂರನೆಯದನ್ನು ಡೇಟಾ ಉಳಿಸುವ ಉಪಾಯ ಎಂದಷ್ಟೇ ತಿಳಿದವರು ಹೆಚ್ಚು. ಗ್ಯಾಲರಿ ಥಂಬ್‌ನೇಲ್ ತಯಾರಿಸುವಾಗಲೇ ಫೈಲು ಓದಿಸಿಕೊಂಡಿರುತ್ತದೆ ಎಂಬುದು ಗೊತ್ತಿದ್ದರೆ ಆ ಸ್ವಿಚ್ಚಿನ ನಿಜವಾದ ಬೆಲೆ ತಿಳಿಯುತ್ತದೆ.

ವಿಡಿಯೊ ಎಂದು ಹೇಳಿಕೊಳ್ಳುವ ಫೈಲು

ನಿತ್ಯ ಜನ ಮೋಸಹೋಗುವುದು ವಿಡಿಯೊವೇ ಅಲ್ಲದ ಫೈಲಿನಿಂದ. ವಿಂಡೋಸ್ ತಾನಾಗಿ ಫೈಲಿನ ಎಕ್ಸ್‌ಟೆನ್ಷನ್, ಅಂದರೆ ಹೆಸರಿನ ಕೊನೆಯ ಚುಕ್ಕೆಯ ನಂತರದ ಭಾಗ, ಅಡಗಿಸುತ್ತದೆ. ಹಾಗಾಗಿ 'ಕ್ಲಿಪ್.ಎಂಪಿ4.ಇಎಕ್ಸ್‌ಇ' ಎಂಬುದು 'ಕ್ಲಿಪ್.ಎಂಪಿ4' ಎಂದೇ ಕಾಣುತ್ತದೆ, ಐಕಾನನ್ನು ಪ್ಲೇಯರಿನದ್ದೇ ಹಾಕಿಟ್ಟಿರುತ್ತಾರೆ. ಫೈಲ್ ಎಕ್ಸ್‌ಪ್ಲೋರರ್‌ನ 'ವ್ಯೂ' ಮೆನುವಿನಲ್ಲಿ ಎಕ್ಸ್‌ಟೆನ್ಷನ್ ತೋರಿಸುವ ಆಯ್ಕೆಯನ್ನು ಒಮ್ಮೆ ಒತ್ತಿದರೆ ಈ ಮೋಸ ಬಯಲಾಗುತ್ತದೆ.

ಇದಕ್ಕಿಂತ ಸೂಕ್ಷ್ಮವಾದದ್ದು ಯುನಿಕೋಡ್‌ನ ಯು+202ಇ ಎಂಬ ಕಾಣದ ಅಕ್ಷರ. ಅರಬಿ, ಹೀಬ್ರೂ ಮುಂತಾದ ಬಲದಿಂದ ಎಡಕ್ಕೆ ಬರೆಯುವ ಲಿಪಿಗಳಿಗಾಗಿ ಇರುವ ಇದು, ತನ್ನ ನಂತರ ಬರುವುದನ್ನೆಲ್ಲ ತಿರುಗಿಸಿ ತೋರಿಸುತ್ತದೆ. ಹೆಸರಿನ ಕೊನೆಯಲ್ಲಿ ಈ ಅಕ್ಷರ ಇಟ್ಟು, ಅದರ ನಂತರ 4, ಪಿ, ಎಂ, ಚುಕ್ಕೆ, ಎಸ್, ಸಿ, ಆರ್ ಎಂದು ಬರೆದರೆ, ಪರದೆಯ ಮೇಲೆ ಹೆಸರು ಎಂ, ಪಿ, 4 ಎಂದು ಮುಗಿಯುತ್ತದೆ. ನಿಜವಾದ ಎಕ್ಸ್‌ಟೆನ್ಷನ್ ಎಸ್‌ಸಿಆರ್, ಅಂದರೆ ಸ್ಕ್ರೀನ್‌ಸೇವರ್, ಅಂದರೆ ಓಡುವ ಪ್ರೋಗ್ರಾಂ. ಟೆಲಿಗ್ರಾಂನ ವಿಂಡೋಸ್ ಆವೃತ್ತಿಯಲ್ಲಿ ಇದೇ ತಂತ್ರವನ್ನು ದುಷ್ಕರ್ಮಿಗಳು ಬಳಸಿದ್ದನ್ನು ಕ್ಯಾಸ್ಪರ್‌ಸ್ಕಿ 2018ರ ಫೆಬ್ರವರಿಯಲ್ಲಿ ಬಯಲಿಗೆಳೆಯಿತು. ಇದಕ್ಕೆ ಎಕ್ಸ್‌ಟೆನ್ಷನ್ ತೋರಿಸುವ ಆಯ್ಕೆ ಮದ್ದಾಗದು. ಫೋಲ್ಡರನ್ನು 'ಡೀಟೇಲ್ಸ್' ನೋಟದಲ್ಲಿ ತೆರೆದು 'ಟೈಪ್' ಕಾಲಮ್ ನೋಡಬೇಕು. ಅದು ಹೆಸರಿನ ತೋರಿಕೆಗೆ ಮರುಳಾಗುವುದಿಲ್ಲ.

ಫೋನಿನಲ್ಲೂ ಇಂಥದ್ದು ನಡೆದಿದೆ. 2024ರ ಜುಲೈನಲ್ಲಿ ಇಸೆಟ್ ಸಂಸ್ಥೆ ವಿವರಿಸಿದ 'ಈವಿಲ್‌ವಿಡಿಯೊ' ಲೋಪದಲ್ಲಿ, ಆಂಡ್ರಾಯ್ಡ್‌ನ ಟೆಲಿಗ್ರಾಂ ಒಂದು ಎಪಿಕೆ ಫೈಲನ್ನು (ಆಂಡ್ರಾಯ್ಡ್ ಆ್ಯಪ್ ಇನ್‌ಸ್ಟಾಲ್ ಮಾಡುವ ಫೈಲು) ಮೂವತ್ತು ಸೆಕೆಂಡಿನ ವಿಡಿಯೊ ಎಂಬಂತೆ ತೋರಿಸುತ್ತಿತ್ತು. ಒತ್ತಿದರೆ 'ಈ ವಿಡಿಯೊ ಆಡಿಸಲಾಗದು, ಬೇರೆ ಪ್ಲೇಯರ್ ಬಳಸಿ' ಎಂಬರ್ಥದ ಸಂದೇಶ. ಒಪ್ಪಿದರೆ ಆ್ಯಪ್ ಇನ್‌ಸ್ಟಾಲ್ ಮಾಡಲು ಅನುಮತಿ ಕೇಳುತ್ತಿತ್ತು. 10.14.5ನೇ ಆವೃತ್ತಿಯಲ್ಲಿ ಇದನ್ನು ಸರಿಪಡಿಸಿದರು. ಗಮನಿಸಬೇಕಾದದ್ದು ಇದರ ಹಳೆಯ ಬೇರು: 'ಕೋಡೆಕ್ ಹಾಕಿಕೊಂಡರೆ ವಿಡಿಯೊ ಕಾಣುತ್ತದೆ' ಎಂದು ನಂಬಿಸಿ ಝ್ಲಾಬ್ ಎಂಬ ಟ್ರೋಜನ್ (ಒಳ್ಳೆಯದರ ವೇಷದ ಕುತಂತ್ರಾಂಶ) ಎರಡು ಸಾವಿರದ ದಶಕದಲ್ಲೇ ಹರಡಿತ್ತು. ಇಂದು ಸರಿಯಾದ ಯಾವ ವಿಡಿಯೊವೂ ಹೊಸ ಪ್ರೋಗ್ರಾಂ ಕೇಳುವುದಿಲ್ಲ. ವಿಎಲ್‌ಸಿ ಆಡಿಸಲಾಗದ್ದನ್ನು ಗುರುತಿಲ್ಲದ ಪ್ಲೇಯರ್ ಆಡಿಸುತ್ತದೆಂದು ಯಾರಾದರೂ ಹೇಳಿದರೆ ಮಾತು ಅಲ್ಲಿಗೆ ಮುಗಿಸಬೇಕು.

ತೆರೆಯದೆಯೇ ಫೈಲಿನ ಜಾತಿ ತಿಳಿಯಲು ಹೆಕ್ಸ್ ವೀಕ್ಷಕದಲ್ಲಿ (ಫೈಲಿನ ಬೈಟುಗಳನ್ನು ಇದ್ದಂತೆ ತೋರಿಸುವ ತಂತ್ರಾಂಶ) ಮೊದಲ ಹದಿನಾರು ಬೈಟು ನೋಡಿದರೆ ಸಾಕು. ಎಂಪಿ4ನಲ್ಲಿ ಐದರಿಂದ ಎಂಟನೆಯ ಬೈಟಿನವರೆಗೆ 'ಎಫ್‌ಟಿವೈಪಿ' ಇರುತ್ತದೆ. ಹಳೆಯ ಕ್ವಿಕ್‌ಟೈಮ್ ಫೈಲುಗಳಲ್ಲಿ ಅಲ್ಲಿ 'ಎಂಒಒವಿ' ಅಥವಾ 'ಎಂಡಿಎಟಿ' ಇದ್ದೀತು. ಎಂಕೆವಿ ಮತ್ತು ವೆಬ್‌ಎಂ 1ಎ 45 ಡಿಎಫ್ ಎ3 ಎಂದು ಶುರುವಾಗುತ್ತವೆ. ಎವಿಐ ಆದರೆ 'ಆರ್‌ಐಎಫ್‌ಎಫ್'. ಮೊದಲ ಎರಡು ಅಕ್ಷರ 'ಎಂಝಡ್' ಇದ್ದರೆ ಅದು ವಿಂಡೋಸ್ ಪ್ರೋಗ್ರಾಂ, 'ಪಿಕೆ' ಇದ್ದರೆ ಜಿಪ್ ಅಥವಾ ಎಪಿಕೆ.

ಗಾತ್ರವೂ ಬಾಯಿಬಿಡುತ್ತದೆ. ಸೆಕೆಂಡಿಗೆ 5 ಮೆಗಾಬಿಟ್ ಲೆಕ್ಕದ ವಿಡಿಯೊ ನಿಮಿಷಕ್ಕೆ 37.5 ಮೆಗಾಬೈಟ್, ಗಂಟೆಗೆ 2.25 ಗಿಗಾಬೈಟ್ ತಿನ್ನುತ್ತದೆ. ಎರಡು ಗಂಟೆಯ ಚಿತ್ರವೆಂದು ಹೇಳಿಕೊಳ್ಳುವ 4 ಮೆಗಾಬೈಟಿನ ಫೈಲು ಚಿತ್ರವಾಗಿರಲು ಸಾಧ್ಯವಿಲ್ಲ. ಇದು ತಿಳಿದವರನ್ನು ಮೋಸಗೊಳಿಸಲು ಉಲ್ಟಾ ತಂತ್ರವೂ ಇದೆ: ಪುಟ್ಟ ಕುತಂತ್ರಾಂಶಕ್ಕೆ ಸೊನ್ನೆಗಳನ್ನು ತುಂಬಿ 700 ಮೆಗಾಬೈಟ್ ದಾಟಿಸುವುದು. ಹಲವು ಆ್ಯಂಟಿವೈರಸ್‌ಗಳಿಂದ ಫೈಲು ಪರೀಕ್ಷಿಸುವ ವೈರಸ್‌ಟೋಟಲ್ ತಾಣ 650 ಮೆಗಾಬೈಟಿಗಿಂತ ದೊಡ್ಡ ಫೈಲು ಸ್ವೀಕರಿಸುವುದಿಲ್ಲ. ಎಷ್ಟೋ ಆ್ಯಂಟಿವೈರಸ್‌ಗಳೂ ದೊಡ್ಡ ಫೈಲನ್ನು ಪೂರ್ತಿ ಓದುವುದಿಲ್ಲ. ಸುಳಿವು ಜಿಪ್‌ನಲ್ಲಿ ಸಿಗುತ್ತದೆ. ವಿಡಿಯೊ ಮೊದಲೇ ಸಂಕುಚಿತವಾದದ್ದರಿಂದ ಜಿಪ್ ಮಾಡಿದರೂ ಗಾತ್ರ ಹೆಚ್ಚುಕಡಿಮೆ ಅಷ್ಟೇ ಉಳಿಯುತ್ತದೆ. 10 ಮೆಗಾಬೈಟಿನ ಜಿಪ್ ಬಿಚ್ಚಿದಾಗ 700 ಮೆಗಾಬೈಟ್ ಆದರೆ ಒಳಗಿರುವುದು ವಿಡಿಯೊ ಅಲ್ಲ.

ತಾಣದ ಕಡೆಯಿಂದ

ಅಪ್‌ಲೋಡ್ ಸ್ವೀಕರಿಸುವ ತಾಣಕ್ಕೆ ಪ್ರತಿ ವಿಡಿಯೊವೂ ಅಪರಿಚಿತನ ಫೈಲು. ಬಂದದ್ದನ್ನು ಬಿಚ್ಚಲು ಬಹುತೇಕ ತಾಣಗಳು ಎಫ್‌ಎಫ್‌ಎಂಪೆಗ್ ಎಂಬ ವಿಡಿಯೊ ಪರಿವರ್ತಕ ತಂತ್ರಾಂಶವನ್ನು ಅಥವಾ ಅದರ ಗ್ರಂಥಾಲಯಗಳನ್ನು ಬಳಸುತ್ತವೆ. 2016ರಲ್ಲಿ ಅದರಲ್ಲಿ ಸಿಕ್ಕಿದ ಲೋಪ ಇಂದಿಗೂ ಪಾಠವಾಗಿ ನಿಲ್ಲುತ್ತದೆ, ಏಕೆಂದರೆ ಅಲ್ಲಿ ಮೆಮೊರಿ ಒಡೆಯುವ ಕಸರತ್ತೇ ಇರಲಿಲ್ಲ. ಎಚ್‌ಎಲ್‌ಎಸ್ ಎಂಬುದು ಯಾವ ತುಂಡು ಎಲ್ಲಿದೆ ಎಂದು ಹೇಳುವ ಅಕ್ಷರರೂಪದ ಪಟ್ಟಿ. ಆ ಪಟ್ಟಿಗೆ ವಿಡಿಯೊ ಎಕ್ಸ್‌ಟೆನ್ಷನ್ ಕೊಟ್ಟು ಅಪ್‌ಲೋಡ್ ಮಾಡಿದರೆ, ಎಫ್‌ಎಫ್‌ಎಂಪೆಗ್ ಹೆಸರು ನೋಡದೆ ಒಳಗಿನದ್ದು ನೋಡಿ ಅದನ್ನು ಪಟ್ಟಿಯೆಂದೇ ಓದುತ್ತಿತ್ತು. ಪಟ್ಟಿಯಲ್ಲಿ ದಾಳಿಕೋರನ ವಿಳಾಸವನ್ನೂ ಸರ್ವರ್‌ನ ಒಳಗಿನ ಫೈಲೊಂದರ ದಾರಿಯನ್ನೂ ಜೋಡಿಸಿ ಬರೆದರೆ, ಸರ್ವರ್ ತನ್ನ ಗುಟ್ಟಿನ ಸಾಲನ್ನು ತಾನೇ ಆ ವಿಳಾಸಕ್ಕೆ ಕಳಿಸಿಬಿಡುತ್ತಿತ್ತು. ಸಿವಿಇ-2016-1897 ಮತ್ತು 1898 ಇವೇ.

ವಿಡಿಯೊ ಸ್ವೀಕರಿಸುವ ಸಣ್ಣ ತಾಣ ನಡೆಸುವವರು ಇದರಿಂದ ಕಲಿಯಬೇಕಾದ್ದು ಸ್ಪಷ್ಟವಿದೆ. ಟ್ರಾನ್ಸ್‌ಕೋಡರ್‌ಗೆ (ಮರುಎನ್‌ಕೋಡ್ ಮಾಡುವ ತಂತ್ರಾಂಶ) ನೆಟ್‌ವರ್ಕ್ ಸಂಪರ್ಕವೇ ಇರಬಾರದು. ಅದು ಓಡುವ ಕಂಟೇನರ್‌ನಲ್ಲಿ, ಅಂದರೆ ಸರ್ವರ್‌ನ ಪ್ರತ್ಯೇಕಿಸಿದ ಭಾಗದಲ್ಲಿ, ಪಾಸ್‌ವರ್ಡ್, ಕೀಲಿಗಳು ಇರಬಾರದು, ಅದನ್ನು ಓಡಿಸುವ ಬಳಕೆದಾರ ರೂಟ್ (ಪೂರ್ಣ ಅಧಿಕಾರದ ಖಾತೆ) ಆಗಿರಬಾರದು. ಅನುಮತಿಸಿದ ಪ್ರೋಟೋಕಾಲ್‌ಗಳ ಪಟ್ಟಿಯಲ್ಲಿ ಸ್ಥಳೀಯ ಫೈಲು ಮಾತ್ರ, ಅನುಮತಿಸಿದ ಧಾರಕಗಳಲ್ಲಿ ಎಂಪಿ4 ಮತ್ತು ಮ್ಯಾಟ್ರೋಸ್ಕಾ (ಎಂಕೆವಿ) ಮಾತ್ರ. ಸಮಯಕ್ಕೂ ಮೆಮೊರಿಗೂ ಮಿತಿ ಹಾಕಲೇಬೇಕು. ಕೆಲವೇ ಕಿಲೋಬೈಟಿನ ಫೈಲೊಂದು ತನ್ನ ಚಿತ್ರದ ಅಳತೆ 16,384 × 16,384 ಎಂದು ಹೇಳಿಕೊಂಡರೆ, ಸಾಮಾನ್ಯ 4:2:0 ಬಣ್ಣದ ಲೆಕ್ಕದಲ್ಲಿ (ಬಿಂದುವಿಗೆ ಒಂದೂವರೆ ಬೈಟು) ಒಂದು ಫ್ರೇಮಿಗೇ 40 ಕೋಟಿ ಬೈಟು ಬೇಕು. ಹಿಂದಿನ ಹದಿನಾರು ಫ್ರೇಮುಗಳನ್ನು ನೆನಪಿಟ್ಟುಕೋ ಎಂದೂ ಅದು ಹೇಳಿದರೆ ಆರು ಗಿಗಾಬೈಟಿಗೂ ಹೆಚ್ಚು. ಆದ್ದರಿಂದ ಬಿಚ್ಚುವ ಮೊದಲೇ ಅಗಲ, ಎತ್ತರ, ಅವಧಿ ಓದಿ, ಮಿತಿ ಮೀರಿದ್ದನ್ನು ತಿರಸ್ಕರಿಸಬೇಕು.

ಬಳಕೆದಾರ ಕೊಟ್ಟ ಫೈಲಿನ ಹೆಸರನ್ನು ಬಿಸಾಡಿ ಹೊಸ ಹೆಸರು ಕೊಡಬೇಕು. ಬಂದ ಫೈಲನ್ನು ಹಾಗೆಯೇ ನಕಲಿಸಿ ಹಂಚಬಾರದು. ಎಂಪಿ4 ಅನ್ನು ಮೊದಲಿನಿಂದ ಓದುತ್ತಾರೆ, ಜಿಪ್ ಅನ್ನು ಕೊನೆಯಿಂದ. ಹಾಗಾಗಿ ಒಂದೇ ಫೈಲು ಎರಡೂ ಆಗಿರಬಲ್ಲದು. ತಾಣ ಅದನ್ನು ವಿಡಿಯೊ ಎಂದು ಬಡಿಸಿದರೆ, ಅದೇ ತಾಣದ ಹೆಸರಿನಡಿ ಕುತಂತ್ರಾಂಶದ ಜಿಪ್ ಕೂಡ ಸಿಗುತ್ತಿರುತ್ತದೆ. ಮರುಎನ್‌ಕೋಡ್ ಮಾಡಿದರೆ ಇದೆಲ್ಲ ಒಂದೇ ಏಟಿಗೆ ಹೋಗುತ್ತದೆ. ಚಿತ್ರದ ಬಿಂದುಗಳಷ್ಟೇ ದಾಟಿ ಬರುತ್ತವೆ. ಕೆಟ್ಟ ಬಾಕ್ಸು, ಬಾಲಕ್ಕೆ ಅಂಟಿಸಿದ ಜಿಪ್, ಸುಳ್ಳು ಅಳತೆ ಯಾವುದೂ ಬರುವುದಿಲ್ಲ. ದೊಡ್ಡ ತಾಣಗಳಲ್ಲಿ ನಾವು ನೋಡುವುದು ತಾಣವೇ ಕಟ್ಟಿದ ಫೈಲು, ಅಪ್‌ಲೋಡ್ ಮಾಡಿದವನದ್ದಲ್ಲ. ಅಂಥ ತಾಣದಲ್ಲಿ ವಿಡಿಯೊ ನೋಡುವುದರಿಂದಲೇ ಸೋಂಕು ತಗಲುವ ಭಯ ಬಹುಮಟ್ಟಿಗೆ ಇಲ್ಲ.

ಅಪಾಯ ಚಿತ್ರದ ಪಕ್ಕಕ್ಕೆ ಸರಿದಿರುತ್ತದೆ. ದುಬಾರಿ ತಂತ್ರಾಂಶವನ್ನು ಬಿಟ್ಟಿ ಕೊಡುವುದಾಗಿ ಹೇಳುವ ಯೂಟ್ಯೂಬ್ ವಿಡಿಯೊಗಳ ವಿವರಣೆಯಲ್ಲಿ ಲಿಂಕ್ ಇರುತ್ತದೆ. ಅದು ಪಾಸ್‌ವರ್ಡ್ ಹಾಕಿದ ಜಿಪ್. ಸ್ಕ್ಯಾನರ್ ಒಳಹೊಕ್ಕು ನೋಡದಿರಲೆಂದೇ ಆ ಪಾಸ್‌ವರ್ಡ್. ಜೊತೆಗೆ ಆ್ಯಂಟಿವೈರಸ್ ಆರಿಸಿ ಎಂಬ ಸಲಹೆ. ಒಳಗಿರುವುದು ರೆಡ್‌ಲೈನ್, ವಿಡಾರ್‌ನಂತಹ ಮಾಹಿತಿಗಳ್ಳ ತಂತ್ರಾಂಶ. 2025ರಲ್ಲಿ ಟಿಕ್‌ಟಾಕ್‌ನಲ್ಲಿ ಇನ್ನೂ ಒಂದು ಹೆಜ್ಜೆ ಮುಂದೆ ಹೋದರು. ಲಿಂಕೇ ಇಲ್ಲ, ವಿಡಿಯೊದ ದನಿಯೇ ಪವರ್‌ಶೆಲ್ (ವಿಂಡೋಸ್‌ಗೆ ಆಜ್ಞೆ ಬರೆಯುವ ಕಿಟಕಿ) ತೆರೆದು ಈ ಸಾಲು ಬರೆಯಿರಿ ಎಂದು ಹೇಳಿಕೊಡುತ್ತದೆ. ವಿಷ ಚಿತ್ರದಲ್ಲಿ, ಮಾತಿನಲ್ಲಿ ಇರುವುದರಿಂದ ಮರುಎನ್‌ಕೋಡಿಂಗ್ ಅದನ್ನು ಜೋಪಾನವಾಗಿ ನಮ್ಮವರೆಗೆ ತಲುಪಿಸುತ್ತದೆ. ರನ್ ಕಿಟಕಿಯಲ್ಲೋ ಪವರ್‌ಶೆಲ್‌ನಲ್ಲೋ ಏನನ್ನಾದರೂ ಅಂಟಿಸಿ ಎಂದು ಅಪರಿಚಿತ ವಿಡಿಯೊ ಅಥವಾ 'ವಿಡಿಯೊ ದೋಷ'ದ ಪುಟ ಕೇಳಿದರೆ ಅದು ದಾಳಿಯೇ.

ಚಾನೆಲ್ ನಡೆಸುವವರ ಮೇಲೆ ಬೇರೆಯೇ ಬಲೆ ಬೀಸುತ್ತಾರೆ. 2019ರ ಕೊನೆಯಿಂದ ಯೂಟ್ಯೂಬರ್‌ಗಳನ್ನು ಗುರಿಯಾಗಿಸಿದ ಇಂಥ ದಾಳಿಗಳನ್ನು ಗೂಗಲ್ 2021ರ ಅಕ್ಟೋಬರಿನ ವರದಿಯಲ್ಲಿ ಬಿಡಿಸಿಟ್ಟಿತು. ಪ್ರಾಯೋಜಕತ್ವದ ಮಾತಾಡಿ, ಒಪ್ಪಂದದ ಕರಡೋ ಪರೀಕ್ಷಿಸಬೇಕಾದ ತಂತ್ರಾಂಶವೋ ಎಂದು ಫೈಲು ಕಳಿಸುತ್ತಾರೆ. ಅದು ಓಡಿದ ಕೂಡಲೇ ಬ್ರೌಸರ್‌ನ ಕುಕಿಗಳನ್ನು ಕದ್ದೊಯ್ಯುತ್ತದೆ. ಕುಕಿ ಎಂದರೆ ಆಗಲೇ ಲಾಗಿನ್ ಆಗಿರುವುದರ ಗುರುತು. ಅದು ಸಿಕ್ಕವರಿಗೆ ಪಾಸ್‌ವರ್ಡೂ ಬೇಡ, ಎರಡನೇ ಹಂತದ ಸಂಕೇತವೂ ಬೇಡ. 2023ರ ಮಾರ್ಚ್‌ನಲ್ಲಿ ಒಂದೂವರೆ ಕೋಟಿಯಷ್ಟು ಚಂದಾದಾರರಿದ್ದ ಲೈನಸ್ ಟೆಕ್ ಟಿಪ್ಸ್ ಚಾನೆಲ್ ಹೀಗೆಯೇ ಕೈತಪ್ಪಿ, ಕ್ರಿಪ್ಟೊ ಮೋಸದ ನೇರಪ್ರಸಾರಕ್ಕೆ ವೇದಿಕೆಯಾಯಿತು.

ಇಂಥದ್ದಾದಾಗ ಮಾಡುವ ಕೆಲಸಗಳ ಕ್ರಮ ಮುಖ್ಯ, ಗಾಬರಿಯಲ್ಲಿ ತಪ್ಪುವುದೂ ಕ್ರಮವೇ. ಸೋಂಕಿತ ಯಂತ್ರದ ನೆಟ್ ಕಿತ್ತುಹಾಕಿ, ಬೇರೊಂದು ಶುಚಿಯಾದ ಸಾಧನದಿಂದ ಎಲ್ಲ ಸೆಷನ್‌ಗಳನ್ನೂ ಲಾಗ್‌ಔಟ್ ಮಾಡಬೇಕು. ಆಮೇಲೆ ಪಾಸ್‌ವರ್ಡ್ ಬದಲಾವಣೆ. ಆಮೇಲೆ ಮರುಪಡೆಯುವ ಇಮೇಲ್ ಮತ್ತು ಫೋನ್ ಸಂಖ್ಯೆ ತಮ್ಮದೇ ಇದೆಯೇ, ಕಳ್ಳ ತನ್ನ ಪಾಸ್‌ಕೀ (ಪಾಸ್‌ವರ್ಡ್ ಬದಲಿಗೆ ಬಳಸುವ ಡಿಜಿಟಲ್ ಕೀಲಿ) ಸೇರಿಸಿದ್ದಾನೆಯೇ, ಯಾವ ಹೊರಗಿನ ಆ್ಯಪ್‌ಗಳಿಗೆ ಅನುಮತಿಯಿದೆ, ಚಾನೆಲ್‌ನ ವ್ಯವಸ್ಥಾಪಕರಾಗಿ ಹೊಸಬರು ಸೇರಿದ್ದಾರೆಯೇ ಎಂಬುದನ್ನು ನೋಡಬೇಕು. ಸೋಂಕಿತ ಯಂತ್ರದಿಂದಲೇ ಪಾಸ್‌ವರ್ಡ್ ಬದಲಿಸಿದರೆ ಹೊಸದನ್ನೂ ಕಳ್ಳನ ಕೈಗೆ ಕೊಟ್ಟಂತೆ. ಮುನ್ನೆಚ್ಚರಿಕೆಯಾಗಿ, ಪ್ರಾಯೋಜಕರ ಇಮೇಲ್ ನೋಡುವ ಯಂತ್ರದಲ್ಲಿ ಚಾನೆಲ್‌ನ ಒಡೆತನದ ಖಾತೆ ಲಾಗಿನ್ ಆಗಿರಲೇಬಾರದು; ಸಹಾಯಕರಿಗೆ ಎಡಿಟರ್ ಮಟ್ಟದ ಅನುಮತಿ ಕೊಟ್ಟರೆ ಸಾಕು.

ಕಾಣುವುದರ ಬಗ್ಗೆ

ತಿರುಚಿದ ವಿಡಿಯೊ ಎಂದಾಕ್ಷಣ ಡೀಪ್‌ಫೇಕ್ ನೆನಪಾಗುತ್ತದೆ. ಹೆಚ್ಚು ಹರಡುವುದು ಅದಕ್ಕಿಂತ ಅಗ್ಗದ್ದು: ಹಳೆಯ ವಿಡಿಯೊಗೆ ಹೊಸ ಶೀರ್ಷಿಕೆ, ಮಾತಿನ ನಡುವೆ ಕತ್ತರಿ, ವೇಗದಲ್ಲಿ ಬದಲಾವಣೆ. 2019ರ ಮೇ ತಿಂಗಳಲ್ಲಿ ಅಮೆರಿಕದ ರಾಜಕಾರಣಿ ನ್ಯಾನ್ಸಿ ಪೆಲೋಸಿ ತೊದಲುತ್ತಿರುವಂತೆ ಕಂಡ ವಿಡಿಯೊವನ್ನು ಸುಮಾರು 75 ಶೇಕಡಾ ವೇಗಕ್ಕೆ ಇಳಿಸಲಾಗಿತ್ತು, ದನಿಯ ಸ್ಥಾಯಿಯನ್ನು ಸರಿಪಡಿಸಲಾಗಿತ್ತು, ಅಷ್ಟೇ. ವೇಗ ಬದಲಿಸಿದ್ದನ್ನು ಹಿಡಿಯಲು ಕಿವಿಗಿಂತ ಗುರುತ್ವ ಒಳ್ಳೆಯ ಸಾಕ್ಷಿ. 1.2 ಮೀಟರ್ ಎತ್ತರದಿಂದ ಕೈಜಾರಿದ ವಸ್ತು ನೆಲ ಮುಟ್ಟಲು ಸುಮಾರು ಅರ್ಧ ಸೆಕೆಂಡು, ಸೆಕೆಂಡಿಗೆ 30 ಫ್ರೇಮಿನ ವಿಡಿಯೊದಲ್ಲಿ 15 ಫ್ರೇಮು. ಮುಕ್ಕಾಲು ವೇಗಕ್ಕಿಳಿಸಿದರೆ 20 ಆಗುತ್ತದೆ. ಹಿನ್ನೆಲೆಯಲ್ಲಿ ಏನಾದರೂ ಬೀಳುವ, ಎಸೆಯುವ, ಜಿಗಿಯುವ ತುಣುಕಿದ್ದರೆ ಫ್ರೇಮು ಎಣಿಸಿ ನೋಡಬಹುದು.

ಹಳೆಯ ವಿಡಿಯೊ ಪತ್ತೆಗೆ ಚಿತ್ರ ಹುಡುಕಾಟವೇ ಆಧಾರ. ಒಂದೇ ಫ್ರೇಮು ಸಾಲದು. ದೃಶ್ಯ ಬದಲಾಗುವ ಜಾಗಗಳಿಂದ ಐದಾರು ಫ್ರೇಮು ತೆಗೆದು, ಒಂದಕ್ಕಿಂತ ಹೆಚ್ಚು ಹುಡುಕಾಟ ತಾಣಗಳಿಗೆ ಕೊಡಬೇಕು; ಏನೂ ಸಿಗದಿದ್ದರೆ ಎಡಬಲ ತಿರುಗಿಸಿ ಮತ್ತೆ ಕೊಡಬೇಕು. ಗುರುತು ತಪ್ಪಿಸಲು ಕನ್ನಡಿಬಿಂಬ ಮಾಡುವುದು ತೀರ ಸಾಮಾನ್ಯ.

ನೇರ ಕರೆಯಲ್ಲೇ ಮುಖ ಬದಲಿಸುವುದು ಈಗ ಕಲ್ಪನೆಯಲ್ಲ. ಅರಪ್ ಎಂಬ ಎಂಜಿನಿಯರಿಂಗ್ ಸಂಸ್ಥೆಯ ಹಾಂಗ್‌ಕಾಂಗ್ ಕಚೇರಿಯ ಉದ್ಯೋಗಿಯೊಬ್ಬರು, ತಮ್ಮ ಹಿರಿಯ ಅಧಿಕಾರಿಗಳೆಂದು ಕಂಡವರ ವಿಡಿಯೊ ಸಭೆಯನ್ನು ನಂಬಿ ಸುಮಾರು 20 ಕೋಟಿ ಹಾಂಗ್‌ಕಾಂಗ್ ಡಾಲರ್ ವರ್ಗಾಯಿಸಿದ್ದು 2024ರಲ್ಲಿ ಬೆಳಕಿಗೆ ಬಂತು. ಮುಖದ ಮುಂದೆ ಕೈಯಾಡಿಸಿ, ಪಕ್ಕಕ್ಕೆ ತಿರುಗಿ ಎಂದು ಕೇಳುವ ಪರೀಕ್ಷೆಗಳನ್ನು ಹೊಸ ತಂತ್ರಾಂಶಗಳು ದಾಟತೊಡಗಿವೆ. ಕರೆ ಕಡಿದು, ಮೊದಲಿನಿಂದ ತಮ್ಮಲ್ಲಿದ್ದ ಸಂಖ್ಯೆಗೆ ತಾವೇ ಕರೆ ಮಾಡುವುದು ಮಾತ್ರ ಹಳತಾಗುವುದಿಲ್ಲ, ಏಕೆಂದರೆ ಅದು ಚಿತ್ರದ ಗುಣಮಟ್ಟವನ್ನು ಅವಲಂಬಿಸಿಲ್ಲ.

ಮರುಎನ್‌ಕೋಡಿಂಗ್‌ನ ಇನ್ನೊಂದು ಮುಖ ಕಾಣುವುದು ಪರಿಣತರ ಮೇಜಿನ ಮೇಲೆ. ಪ್ರತಿ ಕ್ಯಾಮೆರಾದ ಸೆನ್ಸರ್‌ಗೂ ತನ್ನದೇ ಸೂಕ್ಷ್ಮ ಗದ್ದಲದ ಛಾಪು ಇದೆ. ಅದರಿಂದ ಯಾವ ಕ್ಯಾಮೆರಾ ಎಂದು ಹೇಳಬಹುದೆಂದು 2006ರಲ್ಲೇ ಸಂಶೋಧಕರು ತೋರಿಸಿದ್ದರು. ವಿದ್ಯುತ್ ಜಾಲದ 50 ಅಥವಾ 60 ಹರ್ಟ್ಸ್ ಗುಂಯ್‌ಗುಟ್ಟುವಿಕೆ ದನಿಯಲ್ಲಿ ಸೇರಿಕೊಂಡು, ಕತ್ತರಿ ಬಿದ್ದ ಜಾಗದಲ್ಲಿ ಜಿಗಿಯುತ್ತದೆ. ಎರಡು ಸಲ ಸಂಕುಚಿತಗೊಂಡ ಚಿತ್ರದಲ್ಲಿ ಹಳೆಯ ಫ್ರೇಮು ಗುಂಪುಗಳ ಲಯ ಉಳಿದಿರುತ್ತದೆ. ಬಾಕ್ಸುಗಳ ಕ್ರಮವೇ ಫೋನಿನ ತಯಾರಕರನ್ನು ಸೂಚಿಸುತ್ತದೆ. ವಿಡಿಯೊ ಒಂದೆರಡು ಆ್ಯಪ್‌ಗಳನ್ನು ದಾಟಿ, 480 ಸಾಲುಗಳಿಗೆ ಇಳಿದು ಬರುವಷ್ಟರಲ್ಲಿ ಇವುಗಳಲ್ಲಿ ಹೆಚ್ಚಿನವು ಮಸುಕಾಗಿರುತ್ತವೆ, ಕೆಲವು ಪೂರ್ತಿ ಹೋಗಿರುತ್ತವೆ. ಇಷ್ಟು ಶೇಕಡಾ ನಕಲಿ ಎಂದು ಅಂಕಿ ಕೊಡುವ ಪತ್ತೆ ತಾಣಗಳೂ ಇಲ್ಲೇ ಮುಗ್ಗರಿಸುತ್ತವೆ. ಆ ಅಂಕಿಯೊಂದನ್ನೇ ನಂಬಿ ಯಾರ ಮೇಲೂ ಆರೋಪ ಹೊರಿಸಬಾರದು.

ಅಡೋಬಿ, ಮೈಕ್ರೋಸಾಫ್ಟ್, ಬಿಬಿಸಿ ಮುಂತಾದವು 2021ರಲ್ಲಿ ಕಟ್ಟಿದ ಸಿ2ಪಿಎ ವ್ಯವಸ್ಥೆ ಫೈಲಿಗೆ ಡಿಜಿಟಲ್ ಸಹಿ ಹಾಕಿ, ಎಲ್ಲಿಂದ ಬಂತು, ಏನು ತಿದ್ದಿದರು ಎಂಬುದನ್ನು ಜೊತೆಗಿಡುತ್ತದೆ. ಒಳ್ಳೆಯ ಪ್ರಯತ್ನ. ಆದರೆ ಮರುಎನ್‌ಕೋಡ್ ಮಾಡುವ ತಾಣ ಆ ಸಹಿಯನ್ನು ಕಾಯದಿದ್ದರೆ ಅದೂ ಉದುರುತ್ತದೆ. ಸಹಿ ಇಲ್ಲವೆಂದರೆ ನಕಲಿ ಎಂದಲ್ಲ. ಇದ್ದರೂ ಯಾರು ಸಹಿ ಹಾಕಿದರು ಎಂದಷ್ಟೇ ತಿಳಿಯುತ್ತದೆ. ಕ್ಯಾಮೆರಾದ ಮುಂದೆ ನಡೆದದ್ದು ನಾಟಕವೇ ಎಂದು ಅದು ಹೇಳದು.

ಆದ್ದರಿಂದ ಮುಖ್ಯವಾದ ವಿಡಿಯೊ ಬಂದರೆ ಮೂಲ ಫೈಲನ್ನೇ ಕೇಳಬೇಕು. ಚಾಟ್‌ನಲ್ಲಿ ವಿಡಿಯೊ ಆಗಿ ಕಳಿಸಿದರೆ ಆ್ಯಪ್ ಅದನ್ನು ಕುಗ್ಗಿಸುತ್ತದೆ, ಡಾಕ್ಯುಮೆಂಟ್ ಆಗಿ ಕಳಿಸಿದರೆ ಬೈಟುಗಳು ಹಾಗೆಯೇ ಬರುತ್ತವೆ. ಹಾಗೆ ಬಂದದ್ದು ಯಾರೂ ಸೋಸದ ಫೈಲು ಎಂಬುದನ್ನು ಮರೆಯಬಾರದು. ಮೊದಲು ತೆರೆಯದೆಯೇ ಎಸ್‌ಎಚ್‌ಎ-256 ಹ್ಯಾಶ್ (ಫೈಲಿನ ಬೆರಳಚ್ಚಿನಂಥ ಸಂಕೇತ) ತೆಗೆದು, ಆ 64 ಅಕ್ಷರಗಳನ್ನು ದಿನಾಂಕ, ಕಳಿಸಿದವರ ಹೆಸರಿನೊಂದಿಗೆ ಬರೆದಿಡಬೇಕು. ವಿಂಡೋಸ್‌ನ ಸರ್ಟ್‌ಯುಟಿಲ್, ಲಿನಕ್ಸ್‌ನ ಎಸ್‌ಎಚ್‌ಎ256ಸಮ್ ಇದಕ್ಕೆ ಸಾಕು. ಮೂಲವನ್ನು ಓದಲು ಮಾತ್ರ ಬರುವಂತೆ ಗುರುತಿಟ್ಟು ಎತ್ತಿಡಬೇಕು. ನಕಲನ್ನು ನೆಟ್ ಇಲ್ಲದ ವರ್ಚುಯಲ್ ಯಂತ್ರಕ್ಕೆ (ಕಂಪ್ಯೂಟರಿನೊಳಗೆ ತಂತ್ರಾಂಶದಿಂದ ಕಟ್ಟಿದ ಬೇರೆ ಕಂಪ್ಯೂಟರ್) ಒಯ್ದು, ಎಫ್‌ಎಫ್‌ಪ್ರೋಬ್‌ನಿಂದ ವಿವರ ಓದಿ, ಅಲ್ಲೇ ಮರುಎನ್‌ಕೋಡ್ ಮಾಡಿ, ನೋಡಲು ಹಂಚಲು ಆ ಹೊಸ ಪ್ರತಿಯನ್ನು ಬಳಸಬೇಕು. ಪುರಾವೆಗೆ ಮೂಲ, ಕಣ್ಣಿಗೆ ಪ್ರತಿ.

ವಿವರ ಓದುವಾಗ ದುಡುಕಬಾರದು. ಎಂಪಿ4ನಲ್ಲಿ ಕಾಲದ ಎಣಿಕೆ 1904ರ ಜನವರಿ 1ರಿಂದ ಶುರು. ತಯಾರಾದ ದಿನ 1904 ಎಂದು ಕಂಡರೆ ಆ ಜಾಗದಲ್ಲಿ ಸೊನ್ನೆಯಿದೆ ಎಂದಷ್ಟೇ ಅರ್ಥ. ಸಮಯವನ್ನು ಯುಟಿಸಿಯಲ್ಲಿ, ಅಂದರೆ ಜಾಗತಿಕ ಪ್ರಮಾಣ ಸಮಯದಲ್ಲಿ, ಬರೆಯಬೇಕೆಂಬ ನಿಯಮವನ್ನು ಎಲ್ಲ ಸಾಧನಗಳೂ ಪಾಲಿಸುವುದಿಲ್ಲ. ಕೆಲವು ಗಂಟೆಗಳ ವ್ಯತ್ಯಾಸ ಕಂಡರೆ ಅದು ಕಾಲವಲಯದ ಅಂತರವಿರಬಹುದು. ಎನ್‌ಕೋಡರ್ ಹೆಸರಿನಲ್ಲಿ 'ಲಾವ್ಫ್' ಎಂದಿದ್ದರೆ ಎಫ್‌ಎಫ್‌ಎಂಪೆಗ್ ಕೈಯಾಡಿಸಿದೆ. ಅಷ್ಟಕ್ಕೇ ತಿರುಚಿದ್ದಾರೆ ಎನ್ನಲಾಗದು.

ತಾವೇ ಚಿತ್ರಿಸಿದ್ದನ್ನು ಹೊರಗೆ ಹಾಕುವವರಿಗೂ ಈ ಮೆಟಾಡೇಟಾ ಸಂಬಂಧಪಟ್ಟದ್ದೇ, ಅದರಲ್ಲೂ ಚಿತ್ರಿಸಿದವರ ಸುಳಿವು ಸಿಗಬಾರದ ಸಂದರ್ಭದಲ್ಲಿ. ಮೂಲವನ್ನು ಹ್ಯಾಶ್ ಸಮೇತ ಇಟ್ಟುಕೊಂಡು, ಹಂಚುವ ಪ್ರತಿಯಿಂದ ಸ್ಥಳದ ಅಕ್ಷಾಂಶ ರೇಖಾಂಶ ತೆಗೆಯಬೇಕು. ಸ್ಥಳದ ಮಾಹಿತಿ ಒಂದೇ ಕಡೆ ಇರುವುದಿಲ್ಲ. ಐಫೋನ್ ಕ್ವಿಕ್‌ಟೈಮ್‌ನ ಮೆಟಾಡೇಟಾ ಪಟ್ಟಿಯಲ್ಲಿ ಬರೆಯುತ್ತದೆ, ಆಂಡ್ರಾಯ್ಡ್ ಫೋನುಗಳು ಬಳಕೆದಾರ ದತ್ತಾಂಶದ ಬಾಕ್ಸಿನಲ್ಲಿ. ಗೋಪ್ರೋದಂತಹ ಕ್ಯಾಮೆರಾಗಳು ಜಿಪಿಎಸ್ ಓದುಗಳನ್ನು ಚಿತ್ರ, ದನಿಗಳ ಜೊತೆ ಮೂರನೆಯ ದತ್ತಾಂಶ ಟ್ರ್ಯಾಕ್ ಆಗಿಯೇ ಹೆಣೆಯುತ್ತವೆ. ಕೆಲವು ಡ್ರೋನ್‌ಗಳು ಸಬ್‌ಟೈಟಲ್ ಆಗಿ ಬರೆಯುತ್ತವೆ. ಎಫ್‌ಎಫ್‌ಎಂಪೆಗ್‌ಗೆ ಮೆಟಾಡೇಟಾ ಬಿಟ್ಟುಬಿಡು ಎಂದಷ್ಟೇ ಹೇಳಿದರೆ ಈ ಟ್ರ್ಯಾಕ್‌ಗಳು ಉಳಿದುಕೊಳ್ಳಬಹುದು. ಚಿತ್ರದ್ದೊಂದು, ದನಿಯದ್ದೊಂದು ಟ್ರ್ಯಾಕನ್ನು ಹೆಸರಿಸಿ ಆರಿಸಿ, ಮರುಎನ್‌ಕೋಡ್ ಮಾಡಿ, ಬಂದ ಫೈಲನ್ನು ಮೆಟಾಡೇಟಾ ಓದುವ ತಂತ್ರಾಂಶವಾದ ಎಕ್ಸಿಫ್‌ಟೂಲ್‌ನ ಅಡಗಿದ ದತ್ತಾಂಶವನ್ನೂ ತೆಗೆದು ತೋರಿಸುವ ಆಯ್ಕೆಯಲ್ಲಿ ಇನ್ನೊಮ್ಮೆ ಓದಿ, ಸ್ಥಳದ ಸಾಲು ಒಂದೂ ಕಾಣದಿದ್ದಾಗ ಮಾತ್ರ ಕಳಿಸಬೇಕು.